ಪೆಟ್ಟಿಗೆ ಅಕ್ಕ ಕೊಟ್ಟ ಮಾತು

ನಮ್ಮ ಬೀದಿಯವರು ಆಕೆಯನ್ನು ಈಗಲೂ ಪೆಟ್ಟಿಗೆ ಅಕ್ಕ ಎಂದೇ ಕರೆಯುತ್ತಾರೆ. ಪೆಟ್ಟಿಗೆಗಳು ಗೋಡೆ ಬಿಟ್ಟು ಇಳಿದವು, ಮೊಳೆಯ ತೂತುಗಳಿಗೆ ಸಿಮೆಂಟು ಮೆತ್ತಿದ್ದೂ ಆಯಿತು; ಹೆಸರು ಮಾತ್ರ ಆಕೆಯ ಬೆನ್ನು ಬಿಟ್ಟಿಲ್ಲ. ಕೆಲವರು ಪ್ರೀತಿಯಿಂದ ಕರೆಯುತ್ತಾರೆ, ಕೆಲವರು ಚುಚ್ಚುವುದಕ್ಕೇ ಕರೆಯುತ್ತಾರೆ. ಯಾರು ಕರೆದರೂ ಆಕೆ ತಿರುಗಿ ನೋಡುತ್ತಾಳೆ.

ಪೆಟ್ಟಿಗೆಗಳು ಬರುವುದಕ್ಕೆ ಮುಂಚೆ ಆಕೆ ಮನೆಮನೆಗೆ ಹೋಗಿ ನೀರಿನ ಮೀಟರು ಓದುತ್ತಿದ್ದಳು. ಯಾವ ಮನೆಯ ನಾಯಿ ಕಚ್ಚುತ್ತದೆ, ಯಾವುದು ಬರೀ ಬೊಗಳುತ್ತದೆ, ಯಾವ ಮನೆಯ ಯಜಮಾನ ಎರಡನ್ನೂ ಮಾಡುತ್ತಾನೆ ಎಂಬುದು ಆಕೆಗೆ ಬಾಯಿಪಾಠ. ಹೆಂಗಸರು ಒಲೆಯ ಮುಂದಿನಿಂದ ಏಳದೆಯೇ ‘ಬಾ ಅಕ್ಕಾ, ಬಾಗಿಲು ತೆಗೆದೇ ಇದೆ’ ಎನ್ನುತ್ತಿದ್ದರು. ಒಬ್ಬ ಹೆಂಗಸಿಗೆ ಇಡೀ ಬೀದಿ ಹಾಗೆ ಬಾಗಿಲು ತೆರೆಯಬೇಕಾದರೆ ಎಷ್ಟು ಜೊತೆ ಚಪ್ಪಲಿ ಸವೆಯಬೇಕೆಂದು ದೊಡ್ಡ ಜನಕ್ಕೆ ಗೊತ್ತಿರುವುದಿಲ್ಲ. ಆದರೆ ಅಂಥ ಹೆಂಗಸು ಉಪಯೋಗಕ್ಕೆ ಬರುತ್ತಾಳೆ ಎಂಬುದು ಚೆನ್ನಾಗಿ ಗೊತ್ತಿರುತ್ತದೆ. ದಿಬ್ಬದ ಮೇಲಿನ ಜಾಲ ಪ್ರಯೋಗಶಾಲೆಯವರು ಆಕೆಯನ್ನು ಹುಡುಕಿಕೊಂಡು ಬಂದದ್ದು ಅದಕ್ಕೇ.

ಆ ಪ್ರಯೋಗಶಾಲೆ ಏನೆಂದು ಮೊದಲು ಹೇಳಿಬಿಡಬೇಕು. ಕಂಪ್ಯೂಟರುಗಳು ಒಂದರೊಡನೊಂದು ಮಾತಾಡುವ ದಾರಿಗೆ ಜಾಲ ಎನ್ನುತ್ತಾರೆ. ಹೊಸ ಬಗೆಯ ದಾರಿ ಹಾಕಬೇಕೆನ್ನುವವರು ಅದನ್ನು ಮೊದಲು ಎಲ್ಲಾದರೂ ಪರೀಕ್ಷಿಸಿ ನೋಡಬೇಕಷ್ಟೆ. ಪ್ರತಿಯೊಂದು ಕಾಲೇಜೂ ಅದಕ್ಕಾಗಿ ತನ್ನದೇ ಜಾಲ ಕಟ್ಟಿಕೊಳ್ಳಲಾಗದು. ಹಲವಾರು ಸಂಸ್ಥೆಗಳು ಸೇರಿ ಒಂದನ್ನು ಕಟ್ಟಿ ಹಂಚಿಕೊಳ್ಳುತ್ತವೆ. ಊರಿಗೊಂದು ಹಿಟ್ಟಿನ ಗಿರಣಿ ಇದ್ದ ಹಾಗೆ. ಎಲ್ಲೋ ದೂರದಲ್ಲಿ ಕೂತ ಸಂಶೋಧಕ ತನ್ನ ಪಾಳಿ ಕಾದಿರಿಸಿಕೊಂಡು, ತನ್ನ ಪ್ರಯೋಗವನ್ನು ಇಲ್ಲಿನ ಯಂತ್ರಗಳ ಮೇಲೆ ಓಡಿಸಿ, ಫಲಿತಾಂಶ ಬಾಚಿಕೊಂಡು ಹೋಗುತ್ತಾನೆ. ಏರ್ಪಾಡೇನೋ ಒಳ್ಳೆಯದೇ. ಆದರೆ ಗಿರಣಿಯಲ್ಲಿ ನನ್ನ ಗೋಧಿಗಿಂತ ಮುಂಚೆ ಯಾರೋ ಮೆಣಸಿನಕಾಯಿ ಬೀಸಿಕೊಂಡಿದ್ದರೆ ನನ್ನ ಮೂಗಿಗೆ ತಿಳಿಯುತ್ತದೆ. ಇಲ್ಲಿ ಯಾರು ಬಂದು ಏನು ಬೀಸಿಕೊಂಡು ಹೋದರೂ ವಾಸನೆ ಬರುವುದಿಲ್ಲ.

ಸಭಾಂಗಣದಷ್ಟು ದೊಡ್ಡ ಕೋಣೆಯ ತುಂಬ ಯಂತ್ರಗಳಿದ್ದರೂ ಅವರಿಗೆ ಸಾಲಲಿಲ್ಲ. ನಿಜವಾದ ಮನೆಗಳು, ನಿಜವಾದ ಗೋಡೆಗಳು ಬೇಕಾದವು. ಊಟದ ಡಬ್ಬಿಯಷ್ಟು ದೊಡ್ಡ ಬಿಳಿ ಪೆಟ್ಟಿಗೆ, ಅದಕ್ಕೆ ಎರಡು ಕಿರುಕೊಂಬು, ಒಂದು ಹಸಿರು ದೀಪ. ಮನೆಗೊಂದರಂತೆ ಗೋಡೆಗೆ ಹೊಡೆಯುವುದು. ಒಂದು ಮನೆಯ ಪೆಟ್ಟಿಗೆ ಪಕ್ಕದ ಮನೆಯದರೊಡನೆ ಗಾಳಿಯಲ್ಲೇ ಮಾತಾಡುತ್ತದೆ. ಇಟ್ಟುಕೊಂಡವರಿಗೆ ಅಂತರ್ಜಾಲ ಪುಕ್ಕಟೆ. ಒಪ್ಪಿಸುವ ಕೆಲಸ ಅಕ್ಕನದು.

ಪುಕ್ಕಟೆ ಎಂದ ಕೂಡಲೇ ಬೀದಿಗೆ ಸಂಶಯ ಬಂತು. ಬರಬೇಕಾದದ್ದೇ. ಪುಕ್ಕಟೆ ಕೊಡುವವನ ಕೈ ನೋಡಬೇಡ, ಜೇಬು ನೋಡು ಎಂದು ನಮ್ಮನ್ನು ಬೆಳೆಸಿದವರು ಸುಮ್ಮನೆ ಹೇಳಲಿಲ್ಲ. ಒಬ್ಬರು ಪೆಟ್ಟಿಗೆಗೆ ಟವೆಲು ಹೊದಿಸಿದರು. ಇನ್ನೊಂದು ಮನೆಯಲ್ಲಿ ಗಂಡಹೆಂಡಿರು ಜಗಳವಾಡಲು ಹಿತ್ತಲಿಗೆ ಹೋಗತೊಡಗಿದರು. ಸೈಕಲ್ ಅಂಗಡಿಯವನು ಪೆಟ್ಟಿಗೆಯ ಎದುರು ನಿಂತು ಗಟ್ಟಿಯಾಗಿ, ‘ಸರ್ಕಾರ ಬಹಳ ಒಳ್ಳೇದು, ಬಹಳ ಒಳ್ಳೇದು’ ಎಂದು ಹೇಳಿ ಅಕ್ಕನ ಕಡೆ ಕಣ್ಣು ಮಿಟುಕಿಸಿದನು.

ಅಕ್ಕ ಎಲ್ಲರಿಗೂ ನಕ್ಕು ಉತ್ತರ ಕೊಟ್ಟಳು. ‘ಇದು ಮಾತು ಕೇಳಲ್ಲ, ಫೋಟೋ ತೆಗೆಯಲ್ಲ. ದಾರಿ ಎಷ್ಟು ಚೆನ್ನಾಗಿದೆ ಅಂತ ಅಳೆಯತ್ತೆ, ಅಷ್ಟೇ. ಮೊದಲನೇದನ್ನ ನಮ್ಮನೆ ಗೋಡೆಗೇ ಹೊಡೆಸಿದ್ದೀನಿ, ಬಂದು ನೋಡಿ.’ ಪ್ರಯೋಗಶಾಲೆಯ ಮುಖ್ಯಸ್ಥರು ಹೇಳಿದ್ದನ್ನೇ ಹೇಳಿದಳು. ಹೇಳಿದ್ದು ಅವರಾದರೂ ಜನ ನಂಬಿದ್ದು ಈಕೆಯನ್ನು.

ಬೀದಿಯ ತಿರುವಿನ ಒಂಟಿಮನೆಯಲ್ಲಿ ಹೊಲಿಗೆಯವಳು ಇದ್ದಳು. ರವಿಕೆ, ಶಾಲೆಯ ಸಮವಸ್ತ್ರ, ಪರದೆ, ಏನು ಕೊಟ್ಟರೂ ಹೊಲಿಯುತ್ತಿದ್ದಳು. ಮಾತು ಕಡಿಮೆ. ಗಂಡನ ಮನೆಯಿಂದ ಮೈಮೇಲೆ ಗಾಯ ಹೊತ್ತುಕೊಂಡು ಓಡಿಬಂದವಳು ಎಂಬುದು ಎದುರುಮನೆಯ ಅಜ್ಜಿಗೆ ಮಾತ್ರ ಗೊತ್ತಿತ್ತು. ಅವಳ ಮೈದುನ ಆಗಾಗ ಈ ಕಡೆ ವ್ಯಾಪಾರಕ್ಕೆ ಬರುತ್ತಿದ್ದ, ಅಣ್ಣನ ಪರವಾಗಿ ಮೂಸುತ್ತಿದ್ದ. ಆ ಮನೆಯಲ್ಲಿ ಅವಳೇ ಇದ್ದಾಳೆಂದು ಅವನಿಗೆ ಅನುಮಾನವಿತ್ತೇ ಹೊರತು ಕಣ್ಣಾರೆ ಕಂಡಿರಲಿಲ್ಲ. ಅವನು ಬರುವ ಸುಳಿವು ಸಿಕ್ಕ ದಿನ ಅಜ್ಜಿ ಹೋಗಿ ಹೊಲಿಗೆಯವಳ ಬಾಗಿಲಿಗೆ ಹೊರಗಿನಿಂದ ಬೀಗ ಜಡಿದು ಕೀಲಿಯನ್ನು ಸೆರಗಿಗೆ ಕಟ್ಟಿಕೊಂಡು ಬರುತ್ತಿದ್ದಳು. ಒಳಗೆ ಇವಳು ಕಿಟಕಿ ಮುಚ್ಚಿ ಕೂರುತ್ತಿದ್ದಳು. ಯಂತ್ರ ತುಳಿದರೆ ಸದ್ದು ಬೀದಿಗೆ ಕೇಳುತ್ತದೆಂದು ಆ ಹೊತ್ತಿನಲ್ಲಿ ಬರೀ ಕೈಹೊಲಿಗೆ. ಅವನು ಬಂದು ಬೀಗ ನೋಡಿ ಹಿಂದಿರುಗುತ್ತಿದ್ದ. ಅವಳ ಬದುಕು ಆ ಬೀಗದ ಮೇಲೆ ನಿಂತಿತ್ತು.

ಪೆಟ್ಟಿಗೆ ಇಡಲು ಹೋದ ದಿನ ಅವಳು ಅಕ್ಕನನ್ನು ಒಂದೇ ಪ್ರಶ್ನೆ ಕೇಳಿದಳು.

‘ಅಕ್ಕಾ, ನಾನು ಇಲ್ಲಿದ್ದೀನಿ ಅಂತ ಇದು ಯಾರಿಗಾದ್ರೂ ಹೇಳತ್ತಾ?’

‘ಯಾರಿಗೆ ಹೇಳ್ಬೇಕು ಅದು? ಬಾಯಿಲ್ಲದ ಡಬ್ಬಿ.’

‘ಹಾಗಲ್ಲ. ನೀನು ಹೇಳು. ಹೇಳತ್ತಾ, ಇಲ್ವಾ?’

‘ಇಲ್ಲ. ನಾನು ಮಾತು ಕೊಡ್ತೀನಿ. ಸಾಕಾ?’

ಅವಳಿಗೆ ಸಾಕಾಯಿತು. ಫೋನಿನಲ್ಲಿ ಹೊಸ ಮಾದರಿಯ ರವಿಕೆ ನೋಡಬಹುದೆಂಬ ಆಸೆಯೂ ಇತ್ತು. ಪೆಟ್ಟಿಗೆ ಗೋಡೆ ಏರಿತು.

ಆಮೇಲೆ ಅಕ್ಕನ ಕೆಲಸ ಸಲೀಸು. ಯಾವ ಮನೆಯ ಪೆಟ್ಟಿಗೆ ಮಂಕಾದರೂ ಪ್ರಯೋಗಶಾಲೆಯಿಂದ ಫೋನು ಬರುತ್ತಿತ್ತು. ಫೋನಿನಲ್ಲಿ ಇರುತ್ತಿದ್ದವಳು ದೂರುಗಳ ವಿಭಾಗದ ಹೆಂಗಸು, ಅಕ್ಕನಿಗಿಂತ ಚಿಕ್ಕವಳು, ಜೇನಿನಂಥ ದನಿ. ಅಕ್ಕ ಅವಳನ್ನು ತಂಗಿ ಎಂದೇ ಕರೆಯುತ್ತಿದ್ದಳು.

‘ಅಕ್ಕಾ, ನಿವೃತ್ತ ಮೇಷ್ಟ್ರ ಮನೇದು ಸ್ವಲ್ಪ ನೋಡ್ತೀರಾ? ಮನೇಲಿದ್ದಾರೆ, ಹೋಗಿ.’

ಅಕ್ಕ ಹೋದರೆ ಮೇಷ್ಟ್ರು ಮನೆಯಲ್ಲಿ ಇರುತ್ತಿದ್ದರು. ಮೀಟರು ಓದುವಾಗ ಅರ್ಧಕ್ಕರ್ಧ ಮನೆಗೆ ಎರಡೆರಡು ಸಲ ಅಲೆಯಬೇಕಿತ್ತು. ಈಗ ಒಂದು ಹೆಜ್ಜೆಯೂ ದಂಡವಾಗುತ್ತಿರಲಿಲ್ಲ. ಅಕ್ಕ ಪೆಟ್ಟಿಗೆಯನ್ನು ಆರಿಸಿ ಹೊತ್ತಿಸಿ, ಕುಡಿಯಲು ನೀರು ಕೇಳಿ, ನಾಲ್ಕು ಮಾತಾಡಿ ಹೊರಡುತ್ತಿದ್ದಳು. ಆಮೇಲೆ ತಂಗಿಯ ಫೋನು: ‘ಬಾಗಿಲು ತೆಗೆದ್ರಾ ಅಕ್ಕಾ? ಎಷ್ಟು ಜನ ಇದ್ರು ಮನೇಲಿ?’ ಅಕ್ಕನಿಗೆ ಅದು ಬರೀ ಸಲಿಗೆಯ ಮಾತಾಗಿ ಕೇಳುತ್ತಿತ್ತು. ಹೇಳುತ್ತಿದ್ದಳು. ಎಷ್ಟೋ ಸಲ ಪೆಟ್ಟಿಗೆ ಕೆಟ್ಟೇ ಇರುತ್ತಿರಲಿಲ್ಲ. ಹಸಿರು ದೀಪ ಉರಿಯುತ್ತಲೇ ಇರುತ್ತಿತ್ತು. ಅದನ್ನೂ ಹೇಳಿದರೆ ತಂಗಿ, ‘ಹೌದಾ, ಈಗ ಸರಿಹೋಯ್ತು ಬಿಡಿ’ ಎನ್ನುತ್ತಿದ್ದಳು.

ಮೊದಲು ಮೂಗು ಮುರಿದವರು ಅಕ್ಕನ ಗಂಡ. ಗಡಿಯಾರ ರಿಪೇರಿ ಮಾಡಿ ಕಣ್ಣು ಸೋತು ಮನೆಯಲ್ಲಿ ಕೂತವರು.

‘ಅಲ್ವೇ, ಮೇಷ್ಟ್ರು ಮನೇಲಿದ್ದಾರೆ ಅಂತ ದಿಬ್ಬದ ಮೇಲಿರೋ ಆ ಹೆಂಗಸಿಗೆ ಹೇಗೆ ಗೊತ್ತು?’

‘ಫೋನ್ ಮಾಡಿ ಕೇಳಿರ್ತಾಳೆ.’

‘ಮೇಷ್ಟ್ರಿಗೆ ಕಿವಿ ಕೇಳಲ್ಲ. ಫೋನು ಎತ್ತಿ ಯಾವ ಕಾಲ ಆಯ್ತೋ.’

‘ರೀ, ನಿಮಗೆ ಮಾಡೋಕೆ ಕೆಲಸ ಇಲ್ಲ. ನನ್ನ ಕೆಲಸಕ್ಕೆ ಕಲ್ಲು ಹಾಕ್ಬೇಡಿ.’

‘ಕಲ್ಲು ಹಾಕ್ತಿಲ್ಲ ಕಣೇ. ಬಾವಿ ಎಷ್ಟು ಆಳ ಅಂತ ನೋಡ್ತಿದ್ದೀನಿ.’

ಮಾತು ಅಕ್ಕನ ಕಿವಿಯಲ್ಲಿ ಉಳಿಯಿತು. ಮುಂದಿನ ಸಲ ತಂಗಿಯನ್ನು ಕೇಳಿಯೂ ಬಿಟ್ಟಳು. ‘ಪೆಟ್ಟಿಗೆ ಕಡೆಯಿಂದ ಒಂದು ಅಂದಾಜು ಬರತ್ತೆ ಅಕ್ಕಾ, ತಾಂತ್ರಿಕ ವಿಷಯ’ ಎಂದು ತಂಗಿ ನಕ್ಕಳು. ತಾಂತ್ರಿಕ ವಿಷಯ! ಈ ಎರಡು ಪದಗಳ ಹಿಂದೆ ಎಷ್ಟು ಕಳ್ಳರು ಅಡಗಬಹುದೋ ಅಷ್ಟು ಕಳ್ಳರು ಯಾವ ಪೊದೆಯ ಹಿಂದೆಯೂ ಅಡಗಲಾರರು. ಅಂದಿನಿಂದ ಅಕ್ಕ ಮನೆಯ ಪೆಟ್ಟಿಗೆಯ ಎದುರು ಸೀರೆ ಬದಲಿಸುವುದನ್ನು ಬಿಟ್ಟಳು.

ಹೀಗಿರುವಾಗ ಒಂದು ಬೆಳಿಗ್ಗೆ ಫೋನು ಬಂತು. ‘ಹೊಲಿಗೆಯವರ ಮನೇದು ಮಂಕಾಗಿದೆ ಅಕ್ಕಾ. ಮನೇಲಿದ್ದಾರೆ, ಹೋಗಿ.’

ಅಕ್ಕ ಹೋಗಿ ನೋಡಿದರೆ ಬಾಗಿಲಿಗೆ ಬೀಗ. ಅಲ್ಲಿಂದಲೇ ಫೋನು ಮಾಡಿದಳು.

‘ಬೀಗ ಜಡಿದಿದೆಯಲ್ಲ ತಂಗಿ.’

‘ಇಲ್ಲ ಅಕ್ಕಾ, ಖಂಡಿತ ಒಳಗಿದ್ದಾರೆ. ಹಿತ್ತಲ ಬಾಗಿಲು ಇರ್ಬೇಕು. ಒಂಚೂರು ಜೋರಾಗಿ ಕೂಗಿ ನೋಡಿ.’

ಆ ಮನೆಗೆ ಹಿತ್ತಲ ಬಾಗಿಲು ಇಲ್ಲವೆಂದು ಮೀಟರು ಓದಿದ ಅಕ್ಕನಿಗೆ ಗೊತ್ತು. ಗೊತ್ತಿದ್ದ ಮೇಲೆ ಒಂದು ಕ್ಷಣ ನಿಲ್ಲಬೇಕಿತ್ತು. ನಿಲ್ಲಲಿಲ್ಲ. ಒಳಗೆ ಬಿದ್ದುಗಿದ್ದು ಹೋಗಿದ್ದಾಳೋ ಏನೋ, ಯಾರೋ ತಿಳಿಯದೆ ಬೀಗ ಹಾಕಿದ್ದಾರೋ ಏನೋ ಎಂಬ ಗಾಬರಿ. ಕದ ಬಡಿದಳು, ಬೀದಿಗೆಲ್ಲ ಕೇಳುವಂತೆ ಕೂಗಿದಳು.

‘ಏ ಹೊಲಿಗೆ ತಾಯೀ! ಒಳಗಿದ್ದೀಯ ಅಂತ ಗೊತ್ತು ನಂಗೆ! ಹುಷಾರಾಗಿದ್ದೀಯ ತಾನೇ? ನಿನ್ನ ಪೆಟ್ಟಿಗೇನೇ ಹೇಳಿದೆ ಕಣೇ, ಒಳಗಿದ್ದೀಯ ಅಂತ!’

ಎದುರುಮನೆಯಿಂದ ಅಜ್ಜಿ ಬರಿಗಾಲಲ್ಲಿ, ಎರಡೂ ಕೈ ಬೀಸುತ್ತ ಓಡಿಬಂದಳು. ಅವಳು ದಾಟಿಬರುವಷ್ಟರಲ್ಲಿ ತಡವಾಗಿತ್ತು. ಸೈಕಲ್ ಅಂಗಡಿಯ ಮುಂದೆ ಗಾಳಿ ತುಂಬಿಸಿಕೊಳ್ಳುತ್ತಿದ್ದ ಗಂಡಸೊಬ್ಬ ತಲೆ ಎತ್ತಿದ. ಅವನೇ ಮೈದುನ. ಆತುರಪಡಲಿಲ್ಲ. ಸೈಕಲ್ಲನ್ನು ತಳ್ಳಿಕೊಂಡು ಬಂದು ಗೋಡೆಗೆ ಒರಗಿಸಿ, ಹೊಲಿಗೆಯವಳ ಮನೆಯ ಮೆಟ್ಟಿಲ ಮೇಲೆ ಕುಳಿತು ಅಕ್ಕನನ್ನು ನೋಡಿ ನಕ್ಕ.

‘ಒಳ್ಳೇದಾಯ್ತಮ್ಮಾ. ಇಷ್ಟು ದಿನ ಬೀಗ ನೋಡಿ ನೋಡಿ ವಾಪಸ್ ಹೋಗ್ತಿದ್ದೆ.’

ಅಕ್ಕನಿಗೆ ಇನ್ನೂ ಅರ್ಥವಾಗಿರಲಿಲ್ಲ. ಅಜ್ಜಿ ಅವಳ ರಟ್ಟೆ ಹಿಡಿದು ತನ್ನ ಜಗಲಿಗೆ ಎಳೆದುಕೊಂಡು ಹೋಗಿ, ಹಲ್ಲು ಕಚ್ಚಿ, ಮೆಲುದನಿಯಲ್ಲಿ ಎಲ್ಲವನ್ನೂ ಹೇಳಿದಳು. ‘ಹಾಳಾದವಳೇ, ಒಂದು ಜೀವ ಮುಚ್ಚಿಟ್ಟಿದ್ದೆ ಕಣೇ ನಾನು. ಡಂಗುರ ಹೊಡೆದುಬಿಟ್ಟೆಯಲ್ಲೇ.’

ಆಮೇಲೆ ಅಜ್ಜಿ ತನ್ನ ಕುರ್ಚಿಯನ್ನು ಬೀದಿಯ ನಡುವೆ ಹಾಕಿಸಿಕೊಂಡು ಮೈದುನನ ಎದುರಿಗೇ ಕೂತಳು.

‘ಏನಪ್ಪಾ, ಕಂಡವರ ಮನೆ ಬೀಗ ಕಾಯೋ ಉದ್ಯೋಗ ಯಾವತ್ತಿಂದ?’

‘ಕೂತ್ರೆ ನಿಮ್ಮ ಗಂಟೇನು ಹೋಗತ್ತಜ್ಜಿ?’

‘ಕೂತ್ಕೋ ಕೂತ್ಕೋ. ನಾನೂ ಕೂತಿದ್ದೀನಿ. ನಂಗೆ ಸಾಯೋವರೆಗೂ ಬೇರೆ ಕೆಲಸ ಇಲ್ಲ.’

ಇಳಿಹೊತ್ತಿಗೆ ಬೀದಿಯ ಗಂಡಸರು ಕೆಲಸದಿಂದ ಬಂದು ಒಬ್ಬೊಬ್ಬರಾಗಿ ಅಜ್ಜಿಯ ಕುರ್ಚಿಯ ಹಿಂದೆ ನಿಂತ ಮೇಲೆ ಅವನು ಎದ್ದ. ‘ಅಣ್ಣನ್ನ ಕರ್ಕೊಂಡು ಬರ್ತೀನಿ’ ಎಂದು ಬಾಗಿಲಿಗೆ ಕೇಳುವಂತೆ ಹೇಳಿಯೇ ಹೋದ. ಅಷ್ಟು ಹೊತ್ತೂ ಬೀಗದ ಹಿಂದೆ ಒಂದು ಸೂಜಿ ಬಿದ್ದ ಸದ್ದೂ ಇರಲಿಲ್ಲ.

ಮನೆಗೆ ಮರಳುವಾಗ ಅಕ್ಕ ದಾರಿಯ ತಿರುವಿನಲ್ಲಿ ನಿಂತು ತಂಗಿಗೆ ಫೋನು ಮಾಡಿದಳು. ದನಿಯಲ್ಲಿ ಏನೂ ತೋರಗೊಡಲಿಲ್ಲ.

‘ತಂಗಿ, ನಮ್ಮನೇಲಿ ಈಗ ಯಾರಾದ್ರೂ ಇದ್ದಾರಾ ನೋಡಮ್ಮ. ನಮ್ಮೆಜಮಾನ್ರು ವಾಕಿಂಗ್ ಹೋಗ್ತೀನಿ ಅಂದಿದ್ರು, ಬೀಗದ ಕೈ ತಂದಿಲ್ಲ ನಾನು.’

‘ಇದ್ದಾರೆ ಅಕ್ಕಾ, ಹೋಗಿ. ಒಬ್ಬರು ಅಡುಗೆಮನೆ ಕಡೆ ಓಡಾಡ್ತಿದ್ದಾರೆ.’

ಅಕ್ಕ ಬಾಗಿಲು ನೂಕಿದಾಗ ಸಕ್ಕರೆ ಕಾಯಿಲೆಯ ಗಂಡ ಬೆಲ್ಲದ ಡಬ್ಬಿಯೊಳಗೆ ಕೈಯಿಟ್ಟುಕೊಂಡು ನಿಂತಿದ್ದರು. ವಿಷಯ ಕೇಳಿ ಬೆಲ್ಲ ನುಂಗಿಕೊಂಡು ಹೇಳಿದರು: ‘ನನ್ನನ್ನ ಹಿಡಿಯೋಕೆ ಇಷ್ಟು ವಿಶ್ವವಿದ್ಯಾಲಯ ಬೇಕಾಯ್ತೇನೇ?’

ಅಕ್ಕ ನಗಲಿಲ್ಲ. ಗೋಡೆಯ ಮೇಲಿನ ಹಸಿರು ದೀಪ ನೋಡುತ್ತ ನಿಂತಳು. ಗಂಡ ಅದರ ತಂತಿ ಕೀಳಲು ಹೋದರು. ‘ತಡೀರಿ. ಮೊದಲು ಅವರನ್ನ ಕೇಳ್ತೀನಿ’ ಎಂದಳು.

ಮರುದಿನ ದಿಬ್ಬ ಹತ್ತಿದಳು. ಮುಖ್ಯಸ್ಥರ ಕೋಣೆಯಲ್ಲಿ ತಂಗಿಯೂ ಇದ್ದಳು. ಗೋಡೆಯ ಪರದೆಯ ಮೇಲೆ ಬೇರೆ ಊರಿನ ಸಂಶೋಧಕನೊಬ್ಬನ ಮುಖ. ಪಾಳಿ ಪಡೆದು ಈ ಪ್ರಯೋಗ ಓಡಿಸುತ್ತಿದ್ದವನು ಅವನೇ. ಹೊರಗಿನ ಬೀಗ, ಒಳಗಿನ ಕೈಹೊಲಿಗೆ, ಮೈದುನ, ಎಲ್ಲವನ್ನೂ ಅಕ್ಕ ಹೇಳಿದಳು.

ಮುಖ್ಯಸ್ಥರು ಸಿಡುಕಲಿಲ್ಲ. ಕುರ್ಚಿ ಕೊಟ್ಟರು. ‘ನೋಡಿ ಅಮ್ಮಾ, ನೀವು ಜನಕ್ಕೆ ಸುಳ್ಳು ಹೇಳಿಲ್ಲ. ಅದು ಮಾತು ಕೇಳಲ್ಲ, ಫೋಟೋ ತೆಗೆಯಲ್ಲ. ಎರಡು ಪೆಟ್ಟಿಗೆ ಮಧ್ಯೆ ಅಲೆ ಹೋಗ್ತಾ ಇರತ್ತೆ. ಅಡ್ಡ ಯಾರಾದ್ರೂ ಅಲುಗಾಡಿದ್ರೆ ಅಲೆ ಸ್ವಲ್ಪ ಕದಡತ್ತೆ. ಕದಡಿದೆಯಾ ಇಲ್ವಾ, ಕದಡಿದ್ರೆ ಎಲ್ಲಿ, ಎಷ್ಟು, ಇವರು ಅಷ್ಟೇ ನೋಡ್ತಿದ್ದದ್ದು. ಮನೇಲಿ ಜನ ಇಲ್ಲದಾಗ ಜಾಲ ತಾನೇ ಮಲಗಿದ್ರೆ ವಿದ್ಯುತ್ ಉಳಿಯತ್ತಲ್ವಾ? ಇರೋದು ಯಾರು ಅಂತ ಅದಕ್ಕೆ ಗೊತ್ತಾಗಲ್ಲ.’

‘ಆ ಮನೇಲಿರೋದು ಒಬ್ಬಳೇ ಸಾರ್. ಯಾರು ಅಂತ ಹೇಳೋಕೆ ಪೆಟ್ಟಿಗೆ ಬೇಕಾ?’

ಮುಖ್ಯಸ್ಥರು ಕನ್ನಡಕ ಒರೆಸಿಕೊಂಡರು.

‘ಪೆಟ್ಟಿಗೆ ಕೆಟ್ಟಿರ್ಲಿಲ್ಲ’ ಎಂದಳು ಅಕ್ಕ. ‘ಮತ್ತೆ ಮನೆಮನೆಗೆ ನನ್ನನ್ನ ಯಾಕೆ ಅಟ್ಟಿದ್ರಿ?’

ತಂಗಿ ನೆಲ ನೋಡುತ್ತ ಉತ್ತರಿಸಿದಳು. ‘ಅಂದಾಜು ಸರೀನೋ ತಪ್ಪೋ ನೋಡೋಕೆ ಯಾರಾದ್ರೂ ಹೋಗಿ ಬಾಗಿಲು ತಟ್ಬೇಕಿತ್ತು ಅಕ್ಕಾ. ನಿಮಗಾದ್ರೆ ಎಲ್ಲರೂ ತೆಗೀತಾರೆ. ನಿಮಗೂ ಸುಮ್ನೆ ಅಲೆದಾಟ ತಪ್ಪತ್ತೆ ಅಂತ… ನಾನು ಒಳ್ಳೇದಕ್ಕೇ…’

ಆಗ ಪರದೆಯ ಮೇಲಿನವನು ಮುಂದೆ ಬಾಗಿದ. ಅವನ ಮುಖದಲ್ಲಿ ಕಳವಳವಿರಲಿಲ್ಲ, ಬೆಳಕಿತ್ತು.

‘ಒಂದ್ನಿಮಿಷ. ಹೊರಗಡೆ ಬೀಗ ಇತ್ತಾ? ಒಳಗಿದ್ದವರು ಕೂತೇ ಇದ್ರಾ? ಬರೀ ಕೈಹೊಲಿಗೆ ಮಾಡ್ತಾ? ಆದ್ರೂ ಸರಿಯಾಗಿ ಹೇಳ್ತಾ ಅದು? ಸಾರ್, ಇದಕ್ಕಿಂತ ಕಷ್ಟದ ಪರೀಕ್ಷೆ ನಾವು ಯೋಚಿಸೋಕೂ ಆಗ್ತಿರ್ಲಿಲ್ಲ!’

ಮರುಕ್ಷಣವೇ ಅವನು ನಾಲಿಗೆ ಕಚ್ಚಿಕೊಂಡನಂತೆ. ಕಚ್ಚಿಕೊಂಡು ಏನು ಬಂತು? ಬಾಯಿ ಆಡುವುದನ್ನು ಆಡಿಯಾಗಿತ್ತು. ಒಬ್ಬ ಹೆಂಗಸು ಉಸಿರು ಬಿಗಿಹಿಡಿದು ಅಡಗಿದ್ದು ಇವರ ಪಾಲಿಗೆ ಒಳ್ಳೆಯ ಅಂಕ ತಂದ ಉತ್ತರಪತ್ರಿಕೆ! ಇವರು ಕೆಟ್ಟವರಲ್ಲ ಎಂದು ಅಕ್ಕ ಇವತ್ತಿಗೂ ಹೇಳುತ್ತಾಳೆ. ಇರಬಹುದು. ಕೆಟ್ಟವನ ಎದುರು ನಾವು ಹುಷಾರಾಗಿರುತ್ತೇವೆ, ಅಜ್ಜಿ ಕುರ್ಚಿ ಹಾಕಿಕೊಂಡು ಕೂರುತ್ತಾಳೆ. ಕೇಳದೆ ಉಪಕಾರ ಮಾಡುವ ಈ ಜೇನುದನಿಗಳ ಎದುರು ಯಾವ ಕುರ್ಚಿ ಹಾಕೋಣ?

‘ಆ ಪ್ರಯೋಗವನ್ನ ಇವತ್ತೇ ನಿಲ್ಲಿಸ್ತೀವಿ’ ಎಂದರು ಮುಖ್ಯಸ್ಥರು.

‘ನಾಳೆ ಆ ಪೆಟ್ಟಿಗೇಲಿ ಏನು ಓಡತ್ತೆ ಸಾರ್?’

‘ಅದು ಬೇರೆ ಗುಂಪಿಂದು. ನಾವು ಜಾಗ ಕೊಡೋರು ಅಮ್ಮಾ. ಅವರವರ ಪ್ರಯೋಗ ಅವರವರ ಜವಾಬ್ದಾರಿ.’

‘ಹಾಗಾದ್ರೆ ಮಾತು ಕೊಟ್ಟೋಳು ನಾನೊಬ್ಬಳೇನಾ?’

ಹತ್ತಾರು ಜನ ಹಂಚಿಕೊಂಡ ಯಂತ್ರಕ್ಕೆ ಹೊಣೆ ಹೊರುವವನು ಒಬ್ಬನೂ ಇರುವುದಿಲ್ಲ ಎಂಬುದನ್ನು ಕಲಿಯಲು ದಿಬ್ಬ ಹತ್ತಬೇಕಿರಲಿಲ್ಲ. ಹಂಚಿಕೊಂಡ ಬಾವಿಯ ಹೂಳು ಯಾರು ತೆಗೆಯುತ್ತಾರೆಂದು ನೋಡಿದ್ದರೆ ಸಾಕಿತ್ತು.

ಅಕ್ಕ ಗುರುತಿನ ಚೀಟಿಯನ್ನು ಮೇಜಿನ ಮೇಲಿಟ್ಟು ದಿಬ್ಬ ಇಳಿದಳು. ಮೊದಲ ಮನೆಯಿಂದ ಹಿಡಿದು ಪ್ರತಿ ಬಾಗಿಲಿನಲ್ಲೂ ನಿಂತು ಹೇಳಿದಳು: ‘ನಾನು ಹೇಳಿದ್ದು ತಪ್ಪು. ನೀವು ಮನೇಲಿದ್ದೀರೋ ಇಲ್ವೋ ಅಂತ ಇದಕ್ಕೆ ಗೊತ್ತಾಗತ್ತೆ. ಬೇಡ ಅಂದ್ರೆ ಈಗ್ಲೇ ಇಳಿಸ್ತೀನಿ.’ ಕೆಲವರು ಬೈದರು. ಟವೆಲು ಹೊದಿಸಿದ್ದವರು ‘ನಾನು ಅವತ್ತೇ ಹೇಳಲಿಲ್ವಾ’ ಎಂದು ಸಂತೋಷದಿಂದಲೇ ಬೈದರು. ನಿವೃತ್ತ ಮೇಷ್ಟ್ರಿಗೆ ಮೂರು ಸಲ ಕೂಗಿ ಹೇಳಬೇಕಾಯಿತು. ಅವರು ಯೋಚಿಸಿ, ‘ಇರ್ಲಿ ಬಿಡಮ್ಮ, ನಾನಿದ್ದೀನಿ ಅಂತ ಒಬ್ಬರಿಗಾದ್ರೂ ಗೊತ್ತಾಗ್ಲಿ’ ಎಂದರು. ಅವರ ಪೆಟ್ಟಿಗೆ ಉಳಿಯಿತು. ಆದರೆ ಪಕ್ಕದ ಮನೆಯವರು ತಮ್ಮದನ್ನು ಇಳಿಸಿದ್ದರು. ಮಾತಾಡಲು ಜೊತೆಯಿಲ್ಲದೆ ಅದೂ ಸುಮ್ಮನಾಯಿತು. ಕೊನೆಗೆ ಅವರೂ ತೆಗೆಸಿದರು.

ತಿರುವಿನ ಮನೆಗೆ ಬರುವಷ್ಟರಲ್ಲಿ ಬೀಗ ತೆಗೆದಿತ್ತು. ಬಾಗಿಲ ಮುಂದೆ ತಳ್ಳುಗಾಡಿ. ಹಾಸಿಗೆಯ ಸುರುಳಿ, ಪಾತ್ರೆಯ ಚೀಲ, ಬಟ್ಟೆಯ ಗಂಟು ಏರಿದ್ದವು. ಹೊಲಿಗೆ ಯಂತ್ರವನ್ನು ಅಜ್ಜಿ ಒಂದು ಕಡೆ, ಹೊಲಿಗೆಯವಳು ಇನ್ನೊಂದು ಕಡೆ ಹಿಡಿದಿದ್ದರು. ಎತ್ತಲು ಆಗುತ್ತಿರಲಿಲ್ಲ. ಅಕ್ಕ ಹೋಗಿ ಅಜ್ಜಿಯ ಕಡೆಯದನ್ನು ಹಿಡಿದಳು. ಅಜ್ಜಿ ಬಿಟ್ಟುಕೊಟ್ಟಳು, ಆದರೆ ಮುಖ ನೋಡಲಿಲ್ಲ. ಯಂತ್ರ ಗಾಡಿ ಏರಿತು.

‘ತಪ್ಪಾಯ್ತು’ ಎಂದಳು ಅಕ್ಕ.

‘ಹ್ಞೂಂ’ ಎಂದಳು ಹೊಲಿಗೆಯವಳು. ಪರವಾಗಿಲ್ಲ ಎನ್ನಲಿಲ್ಲ. ಹಗ್ಗ ಬಿಗಿಯುತ್ತ, ‘ನೀನು ಬೇಕು ಅಂತ ಮಾಡ್ಲಿಲ್ಲ ಅಂತ ಗೊತ್ತು ಅಕ್ಕಾ. ಆದ್ರೆ ನಾನು ಕೇಳಿದ್ದೆ ನಿನ್ನ’ ಎಂದಳು.

ಅಕ್ಕನ ಬಾಯಿಗೆ ಎಲ್ಲಿಗೆ ಹೋಗ್ತಿದ್ದೀಯ ಎಂಬ ಪ್ರಶ್ನೆ ಬಂದಿತ್ತು. ಮೀಟರು ಓದಿದ ಬಾಯಿ, ಕೇಳದೆ ಇರಲು ಬಾರದ ಬಾಯಿ. ಹೊಲಿಗೆಯವಳೇ ಅದನ್ನು ಕಂಡುಕೊಂಡಳು.

‘ಬೇಕಾದ್ರೆ ನಿನ್ನೊಬ್ಬಳಿಗೆ ಹೇಳ್ತೀನಿ, ನಾನು ಹೋಗೋದು—’

‘ಬೇಡ!’ ಅಕ್ಕ ಎರಡೂ ಕೈಯಿಂದ ಕಿವಿ ಮುಚ್ಚಿಕೊಂಡಳು. ‘ಹೇಳ್ಬೇಡ. ನಂಗೆ ಗೊತ್ತಿದ್ರೆ ಯಾರಾದ್ರೂ ಪ್ರೀತಿಯಿಂದ ಕೇಳ್ತಾರೆ. ಕೇಳಿದ್ರೆ ನಾನು ಹೇಳಿಬಿಡ್ತೀನಿ.’

ಗಾಡಿಯವನು ಹಿಡಿ ಎತ್ತಿದ. ಬೀದಿಯ ಕೊನೆಯಲ್ಲಿ ದಾರಿ ಎರಡಾಗಿ ಒಡೆಯುತ್ತದೆ. ಗಾಡಿ ಯಾವ ಕಡೆ ಹೊರಳಿತೆಂದು ಅಜ್ಜಿ ನೋಡುತ್ತ ನಿಂತಳು. ಪೆಟ್ಟಿಗೆ ಅಕ್ಕ ಬೆನ್ನು ತಿರುಗಿಸಿ, ಖಾಲಿ ಮನೆಯ ಗೋಡೆಗೆ ಮುಖ ಮಾಡಿ, ಚಕ್ರದ ಸದ್ದು ಪೂರ್ತಿ ಅಡಗುವವರೆಗೂ ಕಿವಿಯಿಂದ ಕೈ ತೆಗೆಯಲಿಲ್ಲ.